ಕಾಮಗಾರಿ ಪ್ರಗತಿಯಲ್ಲಿದೆ, ಕ್ಯಾಮೆರಾ ಎಲ್ಲಿದೆ?

ಒಂದು ಮಾತು ಮೊದಲೇ ಹೇಳಿಬಿಡ್ತೀನಿ. ಇದು ಸಿವಿಲ್ ಬ್ರ್ಯಾಂಚಿನವರಿಗೆ ಮಾತ್ರ ಬರೆದದ್ದಲ್ಲ. ಅರ್ಧ ಕಟ್ಟಿದ ಫ್ಲೈಓವರ್ ಕೆಳಗೆ ಬಸ್ಸು ನಿಂತಾಗ ಸಿಎಸ್‌ನವರ ಅಟೆಂಡೆನ್ಸೂ ಹೋಗುತ್ತೆ, ಮೆಕ್ಯಾನಿಕಲ್‌ನವರದ್ದೂ ಹೋಗುತ್ತೆ. ಕಿಟಕಿಯಿಂದ ಎಲ್ಲರಿಗೂ ಕಾಣೋದು ಒಂದೇ ಬೋರ್ಡು: 'ಕಾಮಗಾರಿ ಪ್ರಗತಿಯಲ್ಲಿದೆ, ಅಡಚಣೆಗಾಗಿ ವಿಷಾದಿಸುತ್ತೇವೆ.' ಯಾರು ವಿಷಾದಿಸ್ತಿದ್ದಾರೆ, ಯಾವಾಗಿನಿಂದ, ಇನ್ನೆಷ್ಟು ವರ್ಷ ವಿಷಾದಿಸ್ತಾರೆ ಅನ್ನೋದು ಮಾತ್ರ ಅದರಲ್ಲಿ ಇರಲ್ಲ.

ನನ್ನ ಅಭಿಪ್ರಾಯ ಇಷ್ಟು. ಆ ಬೋರ್ಡಿನ ಹಿಂದಿನ ಕಥೆಯನ್ನು ನಮ್ಮ ದೇಶದಲ್ಲಿ ಪಟ್ಟುಹಿಡಿದು ದಾಖಲಿಸಿದವರಲ್ಲಿ ಇಂಜಿನಿಯರುಗಳಿಗಿಂತ ಸಾಕ್ಷ್ಯಚಿತ್ರ ಮಾಡುವವರೇ ಮುಂದು. ಅವರ ಸಿನಿಮಾಗಳನ್ನು ನಾವು ನೋಡಬೇಕು, ಜಗಳ ಆಡಿಕೊಂಡಾದರೂ ನೋಡಬೇಕು. ಅವರು ಬಿಟ್ಟ ಕಡೆ ನಾವೇ ಕ್ಯಾಮೆರಾ ಹಿಡಿಯಬೇಕು. ಯಾಕೆ ಅಂತ ಹೇಳ್ತೀನಿ, ಸ್ವಲ್ಪ ಸುತ್ತಿಕೊಂಡು ಬರ್ತೀನಿ, ತಾಳ್ಮೆ ಇರಲಿ.

ನಮ್ಮ ಡ್ರಾಯಿಂಗ್ ಹಾಲಿನಿಂದಲೇ ಶುರು ಮಾಡೋಣ. ಪ್ಲಾನ್, ಸೆಕ್ಷನ್, ಎಲಿವೇಷನ್ ಅಂತ ನಾವು ಬರೆಯೋದೆಲ್ಲ ಮುಗಿದ ಕಟ್ಟಡದ್ದು. ಸೇತುವೆ ಅಂದರೆ ಡೆಕ್ ಕೂತು, ಬೇರಿಂಗ್ ಕೂತು, ಗಾಡಿ ಓಡ್ತಿರೋ ಸೇತುವೆ. ಲೋಡ್ ಕಾಂಬಿನೇಷನ್ ಲೆಕ್ಕ ಹಾಕೋದೂ ಅದಕ್ಕೇ. ಊರಿನ ಜನ ಬದುಕೋದು ಆ ಡ್ರಾಯಿಂಗಿನಲ್ಲಿ ಅಲ್ಲ. ಅಗೆದ ಗುಂಡಿ, ಹೊರಗೆ ಚಾಚಿದ ಕಂಬಿ, ತಗಡಿನ ಬ್ಯಾರಿಕೇಡು, ತಿರುಗಿಸಿಬಿಟ್ಟ ರಸ್ತೆ, ಇವುಗಳ ನಡುವೆ ಅವರು ಬದುಕ್ತಾರೆ. ಶುರುವಿಗೂ ಮುಕ್ತಾಯಕ್ಕೂ ಮಧ್ಯೆ ಇರುವ ಈ ಹಂತಕ್ಕೆ ನಮ್ಮ ಸಿಲೆಬಸ್ಸಿನಲ್ಲಿ ಸಿಗೋದು ಒಂದು ಬಾರ್ ಚಾರ್ಟು, ಒಂದು ಕ್ರಿಟಿಕಲ್ ಪಾತ್ ಸಮಸ್ಯೆ, ಹತ್ತು ಮಾರ್ಕು.

ಈಜಿಪುರದ ಫ್ಲೈಓವರನ್ನೇ ತಗೊಳ್ಳಿ. ಉದ್ದ ಬರೀ ಎರಡೂವರೆ ಕಿಲೋಮೀಟರ್. 2017ರಲ್ಲಿ ಕೆಲಸ ಶುರು, 2019ರೊಳಗೆ ಮುಗಿಯಬೇಕಿತ್ತು. 2022ರಲ್ಲಿ ಗುತ್ತಿಗೆಯೇ ರದ್ದಾಯಿತು, 2023ರಲ್ಲಿ ಇನ್ನೊಬ್ಬ ಗುತ್ತಿಗೆದಾರರ ಕೈಗೆ ಬಂತು. ನಡುವಿನ ವರ್ಷಗಳಲ್ಲಿ ಕೋರಮಂಗಲದ ರಸ್ತೆ ಮಧ್ಯೆ ತಲೆಯಿಲ್ಲದ ಕಂಬಗಳು ಸಾಲಾಗಿ ನಿಂತಿದ್ದವು. ಅಲ್ಲಿ ಒಂದು ಮಗು ಎಲ್‌ಕೆಜಿಗೆ ಸೇರಿದಾಗ ಎದ್ದ ಕಂಬದ ಮೇಲೆ ಅದು ನಾಲ್ಕನೇ ಕ್ಲಾಸಿಗೆ ಬಂದರೂ ಏನೂ ಕೂತಿರಲಿಲ್ಲ. ಆ ಮಗುವಿನ ಮಟ್ಟಿಗೆ ಫ್ಲೈಓವರ್ ಅಂದರೆ ಅದೇ, ಬರೀ ಕಂಬ. ಈ ವಿಷಯದ ಬಗ್ಗೆ ಮೀಮ್‌ಗಳು ಎಷ್ಟು ಬಂದಿವೆ ಅಂತ ನಿಮಗೇ ಗೊತ್ತು. ಆದರೆ ಐದಾರು ವರ್ಷ ಆ ಕಂಬಗಳ ಕೆಳಗೆ ಅಂಗಡಿ ಇಟ್ಟುಕೊಂಡಿದ್ದವರು, ಅಲ್ಲಿ ಡ್ಯೂಟಿ ಮಾಡಿದ ಟ್ರಾಫಿಕ್ ಪೊಲೀಸರು, ಸಂಬಳ ನಿಂತಾಗ ಊರಿಗೆ ಹೋದ ಕಾರ್ಮಿಕರು, ಮೇಲಿನವರಿಗೆ ಪತ್ರ ಬರೆದು ಬರೆದು ಸಾಕಾದ ಸೈಟ್ ಇಂಜಿನಿಯರು ಇವರೆಲ್ಲ ಏನು ಹೇಳ್ತಾರೆ? ಮೀಮಿನಲ್ಲಿ ಅದಕ್ಕೆ ಜಾಗ ಇಲ್ಲ.

ಈಗಿನ ಟ್ರೆಂಡ್ ಡ್ರೋನ್ ವಿಡಿಯೋ. ನಾನೂ ನೋಡ್ತೀನಿ, ಸುಳ್ಳು ಯಾಕೆ ಹೇಳಲಿ. ಮೆಟ್ರೋದ ಯಾವ ಕಂಬದ ಮೇಲೆ ಯಾವ ಗರ್ಡರ್ ಕೂತಿತು ಅಂತ ವಾರ ವಾರ ಅಪ್‌ಡೇಟ್ ಕೊಡೋ ಚಾನೆಲ್‌ಗಳಿವೆ, ಹಿಂದೆ ಎದೆ ಝಲ್ಲೆನ್ನೋ ಮ್ಯೂಸಿಕ್ ಬೇರೆ. ಅವುಗಳಿಂದ ಕಲಿಯೋದೂ ಇದೆ. ಲಾಂಚಿಂಗ್ ಗರ್ಡರ್ ಹೇಗೆ ಮುಂದಕ್ಕೆ ಹೋಗುತ್ತೆ ಅಂತ ನನಗೆ ಅರ್ಥ ಆದದ್ದು ಕ್ಲಾಸಿನಲ್ಲಲ್ಲ, ಅಂಥ ಒಂದು ವಿಡಿಯೋದಲ್ಲಿ. ಆದರೆ ನೂರು ಮೀಟರ್ ಮೇಲಿನಿಂದ ಅಲೈನ್‌ಮೆಂಟ್ ಕಾಣುತ್ತೆ, ಅಲೈನ್‌ಮೆಂಟಿನ ಕೆಳಗೆ ಹೋದ ಮನೆ ಕಾಣಲ್ಲ. ಧೂಳು ಅಂತೂ ಕಾಣೋದೇ ಇಲ್ಲ. ಮೇಲಿನಿಂದ ನೋಡಿದರೆ ಎಲ್ಲ ಕಾಮಗಾರಿಯೂ ಚಂದ.

ನೆಲದ ಮೇಲೆ ನಿಂತು ತೆಗೆದ ಒಂದು ಬೆಂಗಳೂರು ಸಿನಿಮಾ ಇದೆ. ಗೌತಮ್ ಸೊಂಟಿ ಮತ್ತು ಉಷಾ ರಾವ್ ಮಾಡಿದ 'ಅವರ್ ಮೆಟ್ರೋಪೊಲಿಸ್', 2014ರದ್ದು. 2008ರಿಂದ 2013ರವರೆಗೆ, ಐದು ವರ್ಷ ಊರೊಳಗೆ ಓಡಾಡಿ ಚಿತ್ರೀಕರಿಸಿದ್ದು. ಬೆಂಗಳೂರನ್ನು 'ವಿಶ್ವದರ್ಜೆ'ಯ ನಗರ ಮಾಡ್ತೀವಿ ಅಂತ ಹೊರಟ ಕಾಲ ಅದು. ಮೆಟ್ರೋ ಊರನ್ನ ಸೀಳಿಕೊಂಡು ಬರ್ತಿತ್ತು, ರಸ್ತೆ ಅಗಲೀಕರಣಕ್ಕೆ ಮನೆ ಮುಂಗಟ್ಟುಗಳ ಮೇಲೆ ಕೆಂಪು ಗುರುತು ಬೀಳ್ತಿತ್ತು, ಬಡವರ ವಸತಿಗಳು ನೆಲಸಮ ಆಗ್ತಿದ್ದವು. ಸಿಎಂಎಚ್ ರಸ್ತೆಯ ವ್ಯಾಪಾರಿಗಳು ಮೆಟ್ರೋ ಮಾರ್ಗದ ವಿರುದ್ಧ ನಿಂತದ್ದು, ಜಯನಗರದ ಲಕ್ಷ್ಮಣರಾವ್ ಬುಲೆವಾರ್ಡಿನ ಮರಗಳಿಗಾಗಿ ಜನ ಬೀದಿಗೆ ಬಂದದ್ದು ಎಲ್ಲ ಅದೇ ವರ್ಷಗಳಲ್ಲಿ. ಎಂ.ಜಿ. ರಸ್ತೆಯಲ್ಲಿ ಈಗ ಮೆಟ್ರೋ ಸ್ಟೇಷನ್ ಪಕ್ಕ ರಂಗೋಲಿ ಕಲಾ ಕೇಂದ್ರ ಇದೆಯಲ್ಲ, ಅಲ್ಲಿ ಮೊದಲು ಮರಗಳ ನೆರಳಿನ ಉದ್ದನೆಯ ಕಾಲುದಾರಿ ಇತ್ತು ಅಂತ ನಮ್ಮ ಬ್ಯಾಚಿನ ಎಷ್ಟು ಜನಕ್ಕೆ ಗೊತ್ತು? ನಮ್ಮ ಮೆಟ್ರೋಗೆ ಅಡಿಗಲ್ಲು ಬಿದ್ದದ್ದು 2006ರ ಜೂನ್‌ನಲ್ಲಿ. ನಮ್ಮಲ್ಲಿ ಹಲವರು ಆಗ ಅಂಬೆಗಾಲಿಡ್ತಿದ್ದೆವು, ಕೆಲವರು ಇನ್ನೂ ಹುಟ್ಟಿರಲೇ ಇಲ್ಲ. ನಮಗೆ ಮೆಟ್ರೋ ಇಲ್ಲದ ಬೆಂಗಳೂರು ಅಂದರೆ ಅಪ್ಪ ಅಮ್ಮ ಹೇಳೋ ಕಥೆ.

ಅಂಥ ಸಿನಿಮಾ ಇಲ್ಲದಿದ್ದರೆ ಉಳಿಯೋದು ಏನು? ಒಂದು ಸಾಲಿನ ವಿಕಿಪೀಡಿಯಾ. ಮೊದಲ ಹಂತ 42.3 ಕಿಲೋಮೀಟರ್, 2011ರ ಅಕ್ಟೋಬರಿನಲ್ಲಿ ಮೊದಲ ತುಂಡು ಶುರು, 2017ರ ಜೂನ್‌ನಲ್ಲಿ ಪೂರ್ತಿ, ಖರ್ಚು 13,845 ಕೋಟಿ. ಶುರುವಿನ ಅಂದಾಜು 6,395 ಕೋಟಿ ಇತ್ತು, ದುಪ್ಪಟ್ಟಿಗಿಂತ ಜಾಸ್ತಿ ಆಯಿತು ಅಂತ ಬೈಯೋರು ಬೈತಾರೆ. ಬೈಯುವ ಮೊದಲು ಒಂದು ಲೆಕ್ಕ: ಆ 6,395 ಕೋಟಿ 33 ಕಿಲೋಮೀಟರಿಗೆ ಹಾಕಿದ್ದು. ಆಮೇಲೆ ಎರಡು ತುದಿಯಲ್ಲಿ ಮಾರ್ಗ ಬೆಳೀತು. ಹಾಗಾಗಿ ಅಷ್ಟೂ ಸೋರಿಕೆ ಅಲ್ಲ. ಆದರೂ ಪ್ರತಿ ಕಿಲೋಮೀಟರಿಗೆ ಭಾಗಿಸಿ ನೋಡಿ, 194 ಕೋಟಿ ಇದ್ದದ್ದು 327 ಕೋಟಿ ಆಗಿದೆ. ಈ ವ್ಯತ್ಯಾಸದಲ್ಲಿ ಬೆಲೆ ಏರಿಕೆ ಎಷ್ಟು, ನೆಲದ ಪರಿಹಾರ ಎಷ್ಟು, ವಿಳಂಬದ ದಂಡ ಎಷ್ಟು, ವಿನ್ಯಾಸ ಬದಲಿಸಿದ್ದಕ್ಕೆ ಎಷ್ಟು? ಇದನ್ನ ಬಿಡಿಸಿ ಜನರಿಗೆ ಹೇಳೋಕೆ ಇಂಜಿನಿಯರೇ ಬೇಕು. ಸಿನಿಮಾದವರ ಕೈಲಿ ಆಗಲ್ಲ. ಈ ಮಾತಿಗೆ ಆಮೇಲೆ ಬರ್ತೀನಿ.

ಇಂಜಿನಿಯರು ಮತ್ತು ಕ್ಯಾಮೆರಾ ಯಾವಾಗಲೂ ಹೀಗೆ ದೂರ ದೂರ ಇರಲಿಲ್ಲ. 1948ರಲ್ಲಿ ಫಿಲ್ಮ್ಸ್ ಡಿವಿಷನ್ ಶುರುವಾಯಿತು. ಥಿಯೇಟರಿನಲ್ಲಿ ಯಾವ ಸಿನಿಮಾ ಹಾಕಿದರೂ ಮೊದಲು ಸರ್ಕಾರದ ಸಾಕ್ಷ್ಯಚಿತ್ರ ಅಥವಾ ವಾರ್ತಾಚಿತ್ರ ಹಾಕಲೇಬೇಕಿತ್ತು. ನಿಮ್ಮ ತಾತನನ್ನ ಕೇಳಿ, ರಾಜ್‌ಕುಮಾರ್ ಬರೋ ಮೊದಲು ಕಪ್ಪು ಬಿಳುಪಿನ ಅಣೆಕಟ್ಟು ಬರ್ತಿತ್ತು, ನೀರು ಧುಮ್ಮಿಕ್ಕುತ್ತಿತ್ತು, ಗಂಭೀರ ದನಿಯಲ್ಲಿ ಯಾರೋ ರಾಷ್ಟ್ರನಿರ್ಮಾಣದ ಬಗ್ಗೆ ಹೇಳ್ತಿದ್ದರು, ಜನ ಹೊರಗೆ ಬೀಡಿ ಸೇದ್ತಿದ್ದರು. ಆ ಚಿತ್ರಗಳಲ್ಲಿ ಇಂಜಿನಿಯರೇ ಹೀರೋ. ನಮ್ಮ ರಾಜ್ಯಕ್ಕೆ ಅದು ಇನ್ನೂ ಹತ್ತಿರ. ವಿಶ್ವೇಶ್ವರಯ್ಯನವರ ಫೋಟೋ ಇಲ್ಲದ ಇಂಜಿನಿಯರಿಂಗ್ ಕಾಲೇಜು ಕರ್ನಾಟಕದಲ್ಲಿ ಹುಡುಕಿದರೂ ಸಿಗಲಿಕ್ಕಿಲ್ಲ. ಅದಕ್ಕೆ ಅವರು ಅರ್ಹರೂ ಹೌದು. ಆದರೆ ಕೆಆರ್‌ಎಸ್ ಕಟ್ಟಿದಾಗ ಮುಳುಗಿದ ಕನ್ನಂಬಾಡಿ ಎಂಬ ಊರು ನಮಗೆ ನೆನಪಿರೋದು ಕಟ್ಟೆಯ ಹೆಸರಾಗಿ ಮಾತ್ರ. ವೇಣುಗೋಪಾಲಸ್ವಾಮಿ ದೇವಸ್ಥಾನವನ್ನ ಹೊಸ ಜಾಗದಲ್ಲಿ ಎಬ್ಬಿಸಿದ್ದಾರೆ, ಟ್ರಿಪ್‌ಗೆ ಹೋಗಿ ಸೆಲ್ಫಿ ತಗೊಂಡು ಬರ್ತೀವಿ. ಊರು ಬಿಟ್ಟು ಹೋದ ಮನೆಯವರ ದನಿಯನ್ನ ನಮ್ಮಲ್ಲಿ ಯಾರಾದರೂ ಕೇಳಿದ್ದೀವಾ?

ಈ ಹೀರೋ ಪಟ್ಟಕ್ಕೆ ಇನ್ನೊಂದು ಬದಿಯಿಂದ ಕ್ಯಾಮೆರಾ ತಿರುಗಿಸಿದವರಲ್ಲಿ ಮುಖ್ಯ ಹೆಸರು ಆನಂದ್ ಪಟವರ್ಧನ್. 1950ರಲ್ಲಿ ಹುಟ್ಟಿದವರು, ಬಾಂಬೆಯವರು. ರಾಜಕೀಯವಾಗಿ ಅವರನ್ನ ಒಪ್ಪೋರೂ ಇದ್ದಾರೆ, ಉರಿದುಬೀಳೋರೂ ಇದ್ದಾರೆ, ಆ ಜಗಳ ಇಲ್ಲಿ ಬೇಡ. ನಾನು ಹೇಳ್ತಿರೋದು 1985ರ 'ಬಾಂಬೆ ಅವರ್ ಸಿಟಿ' ಬಗ್ಗೆ, ಹಿಂದಿಯಲ್ಲಿ 'ಹಮಾರಾ ಶಹರ್'. ಫುಟ್‌ಪಾತಿನಲ್ಲಿ, ಜೋಪಡಿಗಳಲ್ಲಿ ಇರುವ ಜನರನ್ನ ಊರು ಹೇಗೆ ಎತ್ತಿ ಆಚೆ ಹಾಕುತ್ತೆ ಅನ್ನೋದು ಅದರ ವಸ್ತು. ಬುಲ್ಡೋಜರ್ ಬರುತ್ತೆ, ಜೋಪಡಿ ಹೋಗುತ್ತೆ, ಜನ ಅದೇ ಬಿದಿರು, ಅದೇ ಪ್ಲಾಸ್ಟಿಕ್ ಹೆಕ್ಕಿ ಮತ್ತೆ ಕಟ್ತಾರೆ. ಇನ್ನೊಂದು ಕಡೆ ಅನುಕೂಲಸ್ಥರು ಊರಿನ ಸೌಂದರ್ಯದ ಬಗ್ಗೆ ಮಾತಾಡ್ತಾರೆ. ಆ ಸೌಂದರ್ಯದ ಎತ್ತರದ ಕಟ್ಟಡಗಳಿಗೆ ಮಣ್ಣು ಹೊತ್ತವರು ಯಾರು ಅಂದರೆ ಅದೇ ಜೋಪಡಿಯವರು. ಇದನ್ನ ಸಿನಿಮಾ ಕೂಗಿ ಹೇಳಲ್ಲ, ಒಂದು ದೃಶ್ಯದ ಪಕ್ಕ ಇನ್ನೊಂದನ್ನ ಇಟ್ಟು ಸುಮ್ಮನಾಗುತ್ತೆ.

ಅದೇ 1985ರ ಜುಲೈನಲ್ಲಿ ಸುಪ್ರೀಂ ಕೋರ್ಟು ಓಲ್ಗಾ ಟೆಲಿಸ್ ಕೇಸಿನ ತೀರ್ಪು ಕೊಟ್ಟಿತು. 1981ರಲ್ಲಿ ಫುಟ್‌ಪಾತಿನವರನ್ನ ಬಾಂಬೆಯಿಂದ ಹೊರಗೆ ಸಾಗಿಸೋಕೆ ಸರ್ಕಾರ ಹೊರಟಾಗ ಹೂಡಿದ ಕೇಸು ಅದು. ಜೀವಿಸುವ ಹಕ್ಕಿನೊಳಗೆ ಜೀವನೋಪಾಯದ ಹಕ್ಕೂ ಸೇರಿದೆ ಅಂತ ಕೋರ್ಟು ಹೇಳಿತು, ಆದರೆ ಸರಿಯಾದ ವಿಧಾನದಲ್ಲಿ ಎತ್ತಂಗಡಿ ಮಾಡಬಹುದು ಅಂತಲೂ ಹೇಳಿತು. ಕಾನ್‌ಸ್ಟಿಟ್ಯೂಷನ್ ಪೇಪರಿಗೆ ಓದುವಾಗ ಆರ್ಟಿಕಲ್ 21 ಅಂತ ಉರು ಹೊಡೀತೀವಲ್ಲ, ಅದರ ಹಿಂದೆ ಮಳೆಯಲ್ಲಿ ನೆನೆಯುತ್ತಾ ನಿಂತ ಜನ ಇದ್ದರು ಅಂತ ಗೊತ್ತಾಗಬೇಕಾದರೆ ಈ ಸಿನಿಮಾ ನೋಡಬೇಕು.

ಈ ಚಿತ್ರದಲ್ಲಿ ಬಹಳ ಚರ್ಚೆಯಾದ ಒಂದು ದೃಶ್ಯ ಇದೆ. ಗುಡಿಸಲು ಕಳೆದುಕೊಂಡ ಹೆಂಗಸೊಬ್ಬಳು ಚಿತ್ರತಂಡದ ಮೇಲೇ ತಿರುಗಿಬೀಳ್ತಾಳೆ. ಬಡವರ ಫೋಟೋ ತೆಗೆದು ನೀವು ಹೆಸರು ಮಾಡಿಕೊಳ್ತೀರಿ, ಅದರಿಂದ ನಮಗೇನು ಬಂತು ಅನ್ನೋ ಅರ್ಥದಲ್ಲಿ ಕೇಳ್ತಾಳೆ. ನ್ಯಾಯವಾದ ಪ್ರಶ್ನೆ. ಎಡಿಟಿಂಗ್ ಟೇಬಲ್ಲಿನಲ್ಲಿ ಆ ತುಂಡನ್ನ ಕತ್ತರಿಸಿ ಬಿಸಾಡಬಹುದಿತ್ತು, ಕೇಳೋರು ಯಾರೂ ಇರಲಿಲ್ಲ. ಪಟವರ್ಧನ್ ಉಳಿಸಿಕೊಂಡರು. ನಾನು ಈ ದೃಶ್ಯವನ್ನ ನಮ್ಮ ಕಸುಬಿಗೆ ಹಚ್ಚಿ ನೋಡ್ತೀನಿ. ನಮ್ಮ ಪ್ರಾಜೆಕ್ಟ್ ರಿಪೋರ್ಟಿನಲ್ಲಿ ನಮ್ಮನ್ನೇ ಬೈದ ಒಂದು ವಾಕ್ಯ ಇರುತ್ತಾ? ಸಾರ್ವಜನಿಕ ಅಹವಾಲು ಸಭೆಯಲ್ಲಿ ಒಬ್ಬ ಅಜ್ಜಿ ಎದ್ದು 'ನೀವು ಹಾಕಿದ ಗುರುತು ತಪ್ಪು ಸ್ವಾಮಿ, ನೀರು ಈ ಕಡೆ ಹರಿಯಲ್ಲ' ಅಂದರೆ ಅದು ನಡಾವಳಿಗೆ ಹೋಗುತ್ತಾ, ಇಲ್ಲ 'ಸಾರ್ವಜನಿಕರು ಸಹಕರಿಸಿದರು' ಅಂತ ಬರೀತೀವಾ?

ಆ ಚಿತ್ರಕ್ಕೆ ಕಥೇತರ ಚಿತ್ರದ ರಾಷ್ಟ್ರಪ್ರಶಸ್ತಿ ಬಂತು. ಆದರೂ ದೂರದರ್ಶನದಲ್ಲಿ ತೋರಿಸೋಕೆ ಕೋರ್ಟು ಮೆಟ್ಟಿಲು ಹತ್ತಬೇಕಾಯಿತು. ಪಟವರ್ಧನ್ ಸಿನಿಮಾ ಮುಗಿಸಿ ಎದ್ದು ಹೋದವರೂ ಅಲ್ಲ. 1986ರಲ್ಲಿ ಸಂಜಯ್ ಗಾಂಧಿ ನಗರ ಎಂಬ ಬಸ್ತಿಯನ್ನ ಕೆಡವಿದಾಗ ನಿವಾಸಿಗಳ ಜೊತೆ ಉಪವಾಸ ಕೂತರು, ನಟಿ ಶಬಾನಾ ಆಜ್ಮಿಯೂ ಕೂತರು, ಕೊನೆಗೆ ಅವರಿಗೆ ಬೇರೆ ಕಡೆ ಜಾಗ ಸಿಕ್ಕಿತು. 'ಬಾಂಬೆ ಅವರ್ ಸಿಟಿ'ಯಲ್ಲಿ ಹಾಡುವ ವಿಲಾಸ್ ಘೋಗ್ರೆ 1997ರಲ್ಲಿ ರಮಾಬಾಯಿ ನಗರದ ಪೊಲೀಸ್ ಗೋಲಿಬಾರಿನ ನಂತರ ಪ್ರಾಣ ಕಳೆದುಕೊಂಡರು. ಆ ಸಾವಿನ ಜಾಡು ಹಿಡಿದು ಪಟವರ್ಧನ್ ಮಾಡಿದ 'ಜೈ ಭೀಮ್ ಕಾಮ್ರೇಡ್' ಹೊರಬಂದದ್ದು 2011ರಲ್ಲಿ. 14 ವರ್ಷ! ನಮ್ಮ ಮೆಟ್ರೋದ ಮೊದಲ ಹಂತಕ್ಕೆ ಹಿಡಿದದ್ದು 11. ಟೈಮ್ ಓವರ್‌ರನ್ ಅಂದರೆ ಇದೂ ಓವರ್‌ರನ್ನೇ ಅಂತ ನಮ್ಮ ರೂಮ್‌ಮೇಟ್ ಚುಡಾಯಿಸಿದ. ವ್ಯತ್ಯಾಸ ಏನಪ್ಪಾ ಅಂದರೆ ಆ 14 ವರ್ಷದಲ್ಲಿ ಬ್ಯಾರಿಕೇಡ್ ಹಾಕಿ ಯಾರ ರಸ್ತೆಯನ್ನೂ ಮುಚ್ಚಿರಲಿಲ್ಲ.

ನರ್ಮದೆಯ ಬಗ್ಗೆ ಚಿಕ್ಕದಾಗಿ ಹೇಳಿ ಮುಂದೆ ಹೋಗ್ತೀನಿ, ಅದು ನಗರದ ವಿಷಯ ಅಲ್ಲ. ಸಿಮಂತಿನಿ ಧುರು ಜೊತೆ ಸೇರಿ ಪಟವರ್ಧನ್ 1995ರಲ್ಲಿ 'ಎ ನರ್ಮದಾ ಡೈರಿ' ಮಾಡಿದರು. ಸರ್ದಾರ್ ಸರೋವರಕ್ಕೆ 1985ರಲ್ಲಿ 45 ಕೋಟಿ ಡಾಲರ್ ಸಾಲ ಒಪ್ಪಿದ್ದ ವಿಶ್ವಬ್ಯಾಂಕು ತಾನೇ ನೇಮಿಸಿದ ಮೋರ್ಸ್ ಸಮಿತಿಯಿಂದ 1992ರಲ್ಲಿ ಕಟುವಾದ ವರದಿ ಪಡೆಯಿತು. 1993ರಲ್ಲಿ ಉಳಿದ ಸಾಲವನ್ನ ಭಾರತ ಸರ್ಕಾರವೇ ಬೇಡ ಅಂದಿತು. ಅಣೆಕಟ್ಟು ನಿಲ್ಲಲಿಲ್ಲ, 2017ರಲ್ಲಿ 138.68 ಮೀಟರ್ ಮಟ್ಟದ ಜಲಾಶಯ ಲೋಕಾರ್ಪಣೆ ಆಯಿತು. ಸಿನಿಮಾ ಸೋತಿತಾ? ಅಣೆಕಟ್ಟು ನಿಲ್ಲಿಸೋದೇ ಸಿನಿಮಾದ ಕೆಲಸ ಅಂದುಕೊಂಡರೆ ಸೋತಿತು. ನಾನು ಹಾಗೆ ಅಂದುಕೊಂಡಿಲ್ಲ. ಮುಳುಗಡೆಯ ಲೆಕ್ಕ ಹಾಕುವಾಗ ಯಾರನ್ನ ಕೈಬಿಟ್ಟಿದ್ದರು ಅಂತ ತಿಳಿಯೋಕೆ ಇವತ್ತಿಗೂ ಆ ಚಿತ್ರ ಬೇಕು.

ಈಗ ನೀವು ಕೇಳೋ ಪ್ರಶ್ನೆ ನನಗೆ ಗೊತ್ತು. 'ಗುರು, ಇವರೆಲ್ಲ ಡೆವಲಪ್‌ಮೆಂಟ್ ವಿರೋಧಿಗಳಲ್ವಾ? ಇವರ ಮಾತು ಕೇಳಿದ್ದರೆ ಮೆಟ್ರೋ ಬರ್ತಿತ್ತಾ?' ಬರಬೇಕಿತ್ತು, ಬಂದದ್ದು ಒಳ್ಳೇದೇ ಆಯಿತು ಅನ್ನೋನು ನಾನು. ದಿನಾ ಲಕ್ಷಾಂತರ ಜನ ಅದರಲ್ಲಿ ಓಡಾಡ್ತಾರೆ, ನಾನೂ ಒಬ್ಬ. ಆದರೆ ಪ್ರಶ್ನೆ ಕೇಳಿದ್ದರಿಂದ ಊರು ಹಾಳಾಯಿತು ಅನ್ನೋದಕ್ಕೆ ಬೆಂಗಳೂರಿನ ಇತಿಹಾಸ ಸಾಕ್ಷಿ ಹೇಳಲ್ಲ. ಬಸವೇಶ್ವರ ಸರ್ಕಲ್ಲಿನಿಂದ ಹೆಬ್ಬಾಳಕ್ಕೆ 6.7 ಕಿಲೋಮೀಟರ್ ಉಕ್ಕಿನ ಮೇಲ್ಸೇತುವೆ ಬರಬೇಕಿತ್ತು, 1,791 ಕೋಟಿ, 812 ಮರ. 2016ರ ಅಕ್ಟೋಬರ್ 16ರಂದು ಜನ ಕೈ ಕೈ ಹಿಡಿದು ಮಾನವ ಸರಪಳಿ ಮಾಡಿದರು, 2017ರ ಮಾರ್ಚಿನಲ್ಲಿ ಸರ್ಕಾರ ಯೋಜನೆ ಕೈಬಿಟ್ಟಿತು. ಆವತ್ತು ಅದನ್ನ ಬೇಡ ಅಂದವರಲ್ಲಿ ಇಂಜಿನಿಯರುಗಳೂ ಇದ್ದರು, ಬೇಕು ಅಂದವರಲ್ಲೂ ಇದ್ದರು. ಹೆಬ್ಬಾಳದ ಜಾಮಿನಲ್ಲಿ ಕೂತಾಗಲೆಲ್ಲ ಕಟ್ಟಿದ್ದರೇ ಚೆನ್ನಾಗಿತ್ತು ಅಂತ ಯಾರಾದರೂ ಒಬ್ಬರು ಅಂದೇ ಅಂತಾರೆ. ಎರಡೂ ಕಡೆಯವರ ಲೆಕ್ಕವನ್ನ ಎದುರುಬದುರು ಕೂರಿಸಿ ಒಂದು ಗಂಟೆಯ ಸಿನಿಮಾ ಮಾಡಿದರೆ ಅದಕ್ಕಿಂತ ಒಳ್ಳೆ ಟ್ರಾನ್ಸ್‌ಪೋರ್ಟೇಷನ್ ಪಾಠ ಇನ್ನೊಂದಿಲ್ಲ.

ಸಾಕ್ಷ್ಯಚಿತ್ರದವರ ಮೇಲೆ ನನ್ನ ತಕರಾರೂ ಇದೆ. ಇಂಥ ಎಷ್ಟೋ ಚಿತ್ರಗಳಲ್ಲಿ ಇಂಜಿನಿಯರು ಅಂದರೆ ಹೆಲ್ಮೆಟ್ ಹಾಕಿಕೊಂಡು ಅಂಚಿನಲ್ಲಿ ನಿಂತ ಒಬ್ಬ ಮನುಷ್ಯ. ಒಂದೋ ಮಾತಾಡಲ್ಲ, ಮಾತಾಡಿದರೆ 'ಮೇಲಿನಿಂದ ಆರ್ಡರ್' ಅಂತಾನೆ. ಅಷ್ಟಕ್ಕೇ ಅವನ ಪಾತ್ರ ಮುಗೀತು. ನೆಲದೊಳಗೆ ಹಳೇ ಕಾವೇರಿ ಪೈಪು ಎಲ್ಲಿದೆ, ಒಳಚರಂಡಿ ಎಲ್ಲಿದೆ, ಹೈಟೆನ್ಷನ್ ಕೇಬಲ್ ಎಲ್ಲಿದೆ ಅಂತ ನಂಬೋಹಾಗೆ ತೋರಿಸೋ ನಕ್ಷೆ ಸಿಗದೆ ಆತ ಆರು ತಿಂಗಳು ಒದ್ದಾಡಿರ್ತಾನೆ. ಒಂದು ಇಲಾಖೆ ಪೈಪು ಸರಿಸೋವರೆಗೆ ಇನ್ನೊಂದು ಇಲಾಖೆ ಅಗೆಯೋ ಹಾಗಿಲ್ಲ, ಬಿಲ್ಲು ಪಾಸಾಗೋವರೆಗೆ ಗುತ್ತಿಗೆದಾರ ಕೂಲಿಯವರನ್ನ ಕರೆಸಲ್ಲ, ಕೂಲಿಯವರು ಬರೋ ಹೊತ್ತಿಗೆ ಮಳೆಗಾಲ. ಜನಕ್ಕೆ ಕಾಣೋದು ನಿಂತ ಕೆಲಸ. ಅದು ಯಾಕೆ ನಿಂತಿತು ಅನ್ನೋದರ ಯಾಂತ್ರಿಕತೆ ಸಿನಿಮಾದವರಿಗೂ ಕಾಣಲ್ಲ, ಹಾಗಾಗಿ ಅವರು ಭ್ರಷ್ಟಾಚಾರ ಅನ್ನೋ ಒಂದೇ ಪದದಲ್ಲಿ ಮುಗಿಸ್ತಾರೆ. ಭ್ರಷ್ಟಾಚಾರ ಇಲ್ಲ ಅಂತ ನಾನು ಹೇಳ್ತಿಲ್ಲ ಮಾರಾಯ್ರೇ. ಆದರೆ ಒಂದು ಪದದಲ್ಲಿ ಹೇಳಿಬಿಟ್ಟರೆ ಮುಂದಿನ ಫ್ಲೈಓವರಿನಲ್ಲಿ ಏನು ಬದಲಿಸಬೇಕು ಅಂತ ಯಾರಿಗೂ ಗೊತ್ತಾಗಲ್ಲ.

ಒಳಗಿನಿಂದ ನೋಡಿದರೆ ಏನಾಗುತ್ತೆ ಅನ್ನೋದಕ್ಕೆ ಕನ್ನಡದಲ್ಲೇ ಉದಾಹರಣೆ ಇದೆ, ಅದು ಸಾಕ್ಷ್ಯಚಿತ್ರ ಅಲ್ಲ. 1964ರಲ್ಲಿ ಶರಾವತಿಗೆ ಲಿಂಗನಮಕ್ಕಿ ಕಟ್ಟಿದರು. ಅದರ ಹಿನ್ನೀರಿನಲ್ಲಿ ಊರುಗಳು ಮುಳುಗಿದವು, ಅಷ್ಟೇ ಅಲ್ಲ, ಅದಕ್ಕೂ ಮೊದಲು ಕಟ್ಟಿದ್ದ ಮಡೆನೂರು ಅಣೆಕಟ್ಟೂ ಮುಳುಗಿತು. ಬೇಸಿಗೆಯಲ್ಲಿ ನೀರು ಇಳಿದರೆ ಈಗಲೂ ತಲೆ ಎತ್ತುತ್ತೆ. ಶರಾವತಿ ವಿದ್ಯುದಾಗಾರದ 1,035 ಮೆಗಾವಾಟ್ ಇಡೀ ರಾಜ್ಯಕ್ಕೆ ಬೆಳಕಾಯಿತು. ಮುಳುಗಡೆ ಸಂತ್ರಸ್ತರಲ್ಲಿ ಎಷ್ಟೋ ಜನ ಇವತ್ತಿಗೂ ತಾವು ಉಳುವ ಭೂಮಿಯ ಹಕ್ಕುಪತ್ರಕ್ಕೆ ಅಲೀತಿದ್ದಾರೆ. ಇದನ್ನೆಲ್ಲ ಕಾದಂಬರಿಗಳಲ್ಲಿ ತಂದವರು ನಾ. ಡಿಸೋಜ. ಅವರು ಲೋಕೋಪಯೋಗಿ ಇಲಾಖೆಯ ನೌಕರರು, ಶರಾವತಿ ಯೋಜನೆಯಲ್ಲೇ ಕೆಲಸ ಮಾಡಿದವರು! 'ಮುಳುಗಡೆ', 'ದ್ವೀಪ' ಎರಡೂ ಆ ಅನುಭವದಿಂದ ಬಂದವು. 'ದ್ವೀಪ'ವನ್ನ ಗಿರೀಶ್ ಕಾಸರವಳ್ಳಿ ಸಿನಿಮಾ ಮಾಡಿದರು, ಸೌಂದರ್ಯ ನಟಿಸಿ ನಿರ್ಮಿಸಿದರು, ಅತ್ಯುತ್ತಮ ಚಿತ್ರದ ರಾಷ್ಟ್ರಪ್ರಶಸ್ತಿ ಬಂತು. ಕಚೇರಿಯೊಳಗೆ ಕೂತು ಫೈಲು ನೋಡಿದ ಮನುಷ್ಯ ಬರೆದದ್ದಕ್ಕೇ ಅಲ್ಲಿ ಪರಿಹಾರದ ಲೆಕ್ಕ, ನೋಟೀಸು, ಅಧಿಕಾರಿಯ ಅಸಹಾಯಕತೆ ಎಲ್ಲ ಅಷ್ಟು ಖಚಿತವಾಗಿದೆ ಅಂತ ನನ್ನ ನಂಬಿಕೆ. ಕಳೆದ ವರ್ಷ ಜನವರಿಯಲ್ಲೋ ಹಿಂದಿನ ವರ್ಷವೋ ಅಂತ ಲೆಕ್ಕ ತಪ್ಪದಿರಲಿ, ಡಿಸೋಜ ತೀರಿಕೊಂಡದ್ದು 2025ರ ಜನವರಿಯಲ್ಲಿ. ಅದೇ ವರ್ಷ ಜುಲೈನಲ್ಲಿ ಅದೇ ಹಿನ್ನೀರಿನ ಮೇಲೆ ಅಂಬಾರಗೋಡ್ಲು–ಕಳಸವಳ್ಳಿ ಸೇತುವೆ ತೆರೆಯಿತು, ಸುಮಾರು ಎರಡೂವರೆ ಕಿಲೋಮೀಟರ್ ಉದ್ದ, ಕೇಬಲ್ ಸೇತುವೆ. ಅದರ ಡ್ರೋನ್ ವಿಡಿಯೋ ನಿಮ್ಮ ಫೋನಿಗೂ ಬಂದಿರುತ್ತೆ. ನಮ್ಮ ಹಾಸ್ಟೆಲಿನಲ್ಲಿ ತುಮರಿ ಕಡೆಯ ಹುಡುಗ ಒಬ್ಬ ಇದ್ದಾನೆ. ಎಲ್ಲರೂ ಆ ವಿಡಿಯೋ ನೋಡಿ ವಾವ್ ಅಂತಿದ್ದರೆ ಅವನು 'ನಮ್ಮಜ್ಜಿಗೆ ಹೆರಿಗೆ ನೋವು ಬಂದಾಗ ಲಾಂಚ್ ಆ ಕಡೆ ದಡದಲ್ಲಿತ್ತಂತೆ' ಅಂದ, ಮತ್ತೆ ತಟ್ಟೆ ತೊಳೆಯೋಕೆ ಹೋದ. ಅಣೆಕಟ್ಟಿನಿಂದ ಸೇತುವೆಯವರೆಗೆ 60 ವರ್ಷ. ಆ 60 ವರ್ಷ ಡ್ರೋನಿನಲ್ಲಿ ಇಲ್ಲ.

ನಡುವಿನ ಹಂತ ಅಂತ ಮೊದಲು ಹೇಳಿದೆನಲ್ಲ, ಅದು ಬರೀ ಕಾಯುವ ಕಷ್ಟದ ಮಾತಲ್ಲ, ಪ್ರಾಣದ ಮಾತೂ ಹೌದು. 2023ರ ಜನವರಿ 10ರಂದು ನಾಗವಾರದ ಹತ್ತಿರ ಮೆಟ್ರೋ ಕಂಬಕ್ಕೆ ಕಟ್ಟಿ ನಿಲ್ಲಿಸಿದ್ದ ಕಬ್ಬಿಣದ ಹಂದರ ರಸ್ತೆಗೆ ಉರುಳಿತು. ಸ್ಕೂಟರಿನಲ್ಲಿ ಹೋಗ್ತಿದ್ದ ತಾಯಿ ಮತ್ತು ಪುಟ್ಟ ಮಗ ಸತ್ತರು. ಕಂಬ ಕಾಂಕ್ರೀಟ್ ತುಂಬಿದ ಮೇಲೆ ಎಷ್ಟು ಭಾರ ಹೊರುತ್ತೆ ಅಂತ ಲೆಕ್ಕ ಹಾಕೋದು ನಮಗೆ ಗೊತ್ತು, ಇಂಟರ್ನಲ್ಸಿನಲ್ಲಿ ಬರುತ್ತೆ. ಕಾಂಕ್ರೀಟ್ ಬೀಳೋ ಮೊದಲು, ಬರೀ ಕಂಬಿಯ ಹಂದರ ಎತ್ತರಕ್ಕೆ ಒಂಟಿಯಾಗಿ ನಿಂತಿರುವಾಗ ಅದನ್ನ ಎಳೆದು ಕಟ್ಟಿರೋ ಹಗ್ಗ ಯಾವುದು, ಅದು ಸಡಿಲಾದರೆ ಯಾರು ನೋಡಬೇಕು? ಟೆಂಪರರಿ ವರ್ಕ್ಸ್ ಅನ್ನೋ ಈ ವಿಷಯ ನಮಗೆ ಎಷ್ಟು ಗಂಟೆ ಕಲಿಸ್ತಾರೆ ಅಂತ ನಿಮ್ಮ ಲೆಸನ್ ಪ್ಲಾನ್ ತೆಗೆದು ನೋಡಿ. ಮುಗಿದ ಮೇಲೆ ಅದು ಉಳಿಯಲ್ಲ, ಆಸ್-ಬಿಲ್ಟ್ ಡ್ರಾಯಿಂಗಿನಲ್ಲೂ ಇರಲ್ಲ. ದಿನಾ ಅದೇ ರಸ್ತೆಯಲ್ಲಿ ನಿಂತ ಒಂದು ಕ್ಯಾಮೆರಾದಲ್ಲಿ ಮಾತ್ರ ಇರಬಹುದಿತ್ತು.

ಹಾಗಾಗಿ ನನ್ನ ಬೇಡಿಕೆ ನಮ್ಮ ಕನ್ನಡ ಸಂಘಕ್ಕೇ. ರಾಜ್ಯೋತ್ಸವಕ್ಕೆ ಡೊಳ್ಳು, ಫ್ಯಾಷನ್ ಷೋ ಎಲ್ಲ ಇರಲಿ, ಜೊತೆಗೆ ಒಂದು ಉದ್ದದ ಕೆಲಸ ಹಿಡಿಯೋಣ. ಕಾಲೇಜಿಗೆ ಬರೋ ದಾರಿಯಲ್ಲಿ ಒಂದೇ ಒಂದು ಕಾಮಗಾರಿ ಆರಿಸಿಕೊಳ್ಳೋಣ, ದೊಡ್ಡದೇ ಆಗಬೇಕಿಲ್ಲ, ರಾಜಕಾಲುವೆಯ ತಡೆಗೋಡೆಯಾದರೂ ಸಾಕು. ಪ್ರತಿ ತಿಂಗಳ ಮೊದಲ ಶನಿವಾರ, ಅದೇ ಜಾಗದಲ್ಲಿ, ಅದೇ ಎತ್ತರದಲ್ಲಿ ಫೋನ್ ಇಟ್ಟು ಹತ್ತು ನಿಮಿಷ ತೆಗೆಯೋದು. ಸಾರ್ವಜನಿಕ ರಸ್ತೆಯಿಂದಲೇ ತೆಗೆಯೋದು, ಬ್ಯಾರಿಕೇಡ್ ದಾಟಿ ಹೀರೋಗಿರಿ ಬೇಡ. ಟೀ ಅಂಗಡಿಯವರು, ಕೆಲಸದವರು, ಸೈಟ್ ಇಂಜಿನಿಯರು ಯಾರೇ ಆಗಲಿ ಒಪ್ಪಿದರೆ ಮಾತ್ರ ರೆಕಾರ್ಡ್ ಮಾಡೋದು. ಕೆಲಸದವರಲ್ಲಿ ಬಹಳ ಜನ ಒಡಿಶಾ, ಬಿಹಾರ, ಬಂಗಾಳದ ಕಡೆಯವರು ಇರ್ತಾರೆ, ನಮ್ಮ ಕ್ಯಾಂಪಸ್ಸಿನ ಆ ರಾಜ್ಯಗಳ ಗೆಳೆಯರನ್ನ ಕರ್ಕೊಂಡು ಹೋದರೆ ಮಾತು ಸರಾಗ. ಕನ್ನಡ ಸಂಘಕ್ಕೆ ಇವರ್ಯಾಕೆ ಅಂತ ಯಾರಾದರೂ ಕೇಳಿದರೆ, ಇದೇ ನಮ್ಮ ಊರಿನ ಕಥೆ ಅಂತ ಹೇಳೋಣ.

ಕಾಗದದ ಕೆಲಸವೂ ನಮ್ಮದೇ. ಮಾಹಿತಿ ಹಕ್ಕು ಕಾಯ್ದೆ 2005ರಿಂದ ಇದೆ. ಹತ್ತು ರೂಪಾಯಿ ಶುಲ್ಕ, 30 ದಿನದೊಳಗೆ ಉತ್ತರ ಕೊಡಬೇಕು. ಕಾರ್ಯಾದೇಶದ ದಿನಾಂಕ, ಮುಗಿಯಬೇಕಾದ ದಿನಾಂಕ, ಎಷ್ಟು ಸಲ ಅವಧಿ ವಿಸ್ತರಣೆ ಕೊಟ್ಟರು, ಪ್ರತಿ ಸಲ ಕೊಟ್ಟ ಕಾರಣ ಏನು, ಈ ನಾಲ್ಕೇ ಕೇಳಿ. ಅರ್ಜಿಯನ್ನ ಕನ್ನಡದಲ್ಲೇ ಬರೆಯಿರಿ, ಉತ್ತರವೂ ಕನ್ನಡದಲ್ಲಿ ಬರುತ್ತೆ. ಆಗ 'ಅವಧಿ ವಿಸ್ತರಣೆ' ಅನ್ನೋ ಪದದ ತೂಕ ಗೊತ್ತಾಗುತ್ತೆ. ಆ ಕಾಗದವನ್ನೂ ಆ ತಿಂಗಳಿನ ದೃಶ್ಯವನ್ನೂ ಅಕ್ಕಪಕ್ಕ ಇಟ್ಟರೆ ಎಡಿಟಿಂಗ್ ಅರ್ಧ ಮುಗಿದಂತೆ. ಮಿಕ್ಕ ಅರ್ಧಕ್ಕೆ ಇಸಿ ಬ್ರ್ಯಾಂಚಿನ ಇಬ್ಬರು ಈಗಾಗಲೇ ಒಪ್ಪಿದ್ದಾರೆ, ಬಿರಿಯಾನಿ ಷರತ್ತಿನ ಮೇಲೆ.

ಸಿನಿಮಾ ಆದಮೇಲೆ ಮೊದಲ ಪ್ರದರ್ಶನ ಆಡಿಟೋರಿಯಮ್ಮಿನಲ್ಲಿ ಬೇಡ, ಅದರಲ್ಲಿ ಮಾತಾಡಿದವರ ಮುಂದೆ ಆಗಲಿ. ಅವರು ಬೈದರೆ ಆ ಬೈಗುಳವನ್ನೂ ಸೇರಿಸೋಣ. ಸೈಟ್ ಇಂಜಿನಿಯರನ್ನೂ ಕರೆಯೋಣ, ಆತ ನಮ್ಮದೇ ಕಾಲೇಜಿನ ಐದು ವರ್ಷ ಹಿಂದಿನ ಸೀನಿಯರ್ ಆಗಿರೋ ಸಾಧ್ಯತೆ ಇದೆ. ಇನ್ನು ಐದು ವರ್ಷಕ್ಕೆ ಆ ಹೆಲ್ಮೆಟ್ ನಮ್ಮಲ್ಲಿ ಯಾರದೋ ತಲೆ ಮೇಲಿರುತ್ತೆ, ಎದುರಿಗೆ ಯಾರೋ ಫೋನ್ ಹಿಡಿದು 'ಸರ್, ಇದು ಯಾವಾಗ ಮುಗಿಯುತ್ತೆ?' ಅಂತ ಕೇಳ್ತಿರ್ತಾರೆ.

ಸೇರೋರು ನೋಟೀಸ್ ಬೋರ್ಡಿನ ಪಕ್ಕದ ಪಟ್ಟಿಯಲ್ಲಿ ಹೆಸರು, ಬ್ರ್ಯಾಂಚು, ಬರುವ ರೂಟ್ ನಂಬರ್ ಬರೆಯಿರಿ. ರೂಟ್ ನಂಬರ್ ಯಾಕೆ ಅಂದರೆ ಯಾವ ಕಾಮಗಾರಿ ಅಂತ ನಿರ್ಧಾರ ಆಗೋದು ಅದರ ಮೇಲೇ. ನನ್ನ ಓಟು ನಮ್ಮ ಸ್ಟಾಪಿನ ಎದುರಿನ ಚರಂಡಿಗೆ. ಅಲ್ಲೊಂದು ಹಸಿರು ಬೋರ್ಡಿದೆ, ಕಾಮಗಾರಿಯ ಹೆಸರು, ಮೊತ್ತ ಎಲ್ಲ ಓದೋಕೆ ಬರುತ್ತೆ, ಮುಕ್ತಾಯದ ದಿನಾಂಕದ ಮೇಲೆ ಮಾತ್ರ ಯಾರೋ ಪಿಜಿ ಜಾಹೀರಾತು ಅಂಟಿಸಿದ್ದಾರೆ.